ಊಡೆಟ್ ಟೆಸ್ಟ್ ಪೈಲಟ್ಟೋ, ಸಿನಿಮಾ ಪೈಲಟ್ಟೋ?

ಪ್ರಶ್ನೆ: ಯಲಹಂಕದ ಏರ್ ಶೋ ನೋಡಿಕೊಂಡು ಬಂದ ಮೇಲೆ ನನ್ನ ಮಗನಿಗೆ ವಿಮಾನದ ಹುಚ್ಚು ಹಿಡಿದಿದೆ. ಎರ್ನ್ಸ್ಟ್ ಊಡೆಟ್ ಎಂಬ ಜರ್ಮನ್ ಪೈಲಟ್ ಹೊಸ ವಿಮಾನಗಳನ್ನು ಪರೀಕ್ಷಿಸುತ್ತಿದ್ದ, ಸಿನಿಮಾದಲ್ಲೂ ನಟಿಸುತ್ತಿದ್ದ ಎಂದು ಎಲ್ಲೋ ಓದಿದ್ದಾನೆ. ಇದು ನಿಜವೇ? ಸ್ಟಂಟ್ ಪೈಲಟ್, ಟೆಸ್ಟ್ ಪೈಲಟ್ ಇಬ್ಬರೂ ಮಾಡುವುದು ಹೆಚ್ಚುಕಡಿಮೆ ಒಂದೇ ಕೆಲಸ ಅಲ್ವಾ?

ಉತ್ತರ: ನಿಮ್ಮ ಮಗ ಸರಿಯಾಗಿಯೇ ಓದಿದ್ದಾನೆ. ಊಡೆಟ್ ಸಿನಿಮಾಗಳಲ್ಲಿ ನಟಿಸಿದ್ದ. ಹೊಸ ವಿಮಾನಗಳನ್ನು ಪರೀಕ್ಷೆಗಾಗಿ ಹಾರಿಸಿದ್ದ. ಕೊನೆಗೆ ಜರ್ಮನ್ ವಾಯುಪಡೆ ಯಾವ ವಿಮಾನ ಕೊಳ್ಳಬೇಕು, ಯಾವುದು ಬೇಡ ಎಂಬ ಫೈಲುಗಳೂ ಅವನ ಮೇಜಿಗೇ ಬರುತ್ತಿದ್ದವು. ಆದರೆ ನಿಮ್ಮ ಎರಡನೇ ಪ್ರಶ್ನೆಗೆ ನನ್ನ ಉತ್ತರ ‘ಅಲ್ಲ’. ಎರಡೂ ಬೇರೆ ಬೇರೆ ಕೆಲಸ. ಎಷ್ಟು ಬೇರೆ ಎಂದು ತಿಳಿಯೋಕೆ ಊಡೆಟ್ ಕಥೆಯೇ ಸಾಕು. ನನ್ನ ಅಭಿಪ್ರಾಯವನ್ನು ಮೊದಲೇ ಹೇಳಿಬಿಡುತ್ತೇನೆ. ವಿಮಾನ ಹಾರಿಸುವುದರಲ್ಲಿ ಅವನನ್ನು ಮೀರಿಸುವವರು ಕಡಿಮೆ. ತೆರೆಯ ಮೇಲೆ ಅವನಿದ್ದರೆ ಕಣ್ಣು ಬೇರೆ ಕಡೆ ಹೋಗುವುದಿಲ್ಲ. ಟೆಸ್ಟ್ ಪೈಲಟ್ ಆಗಿ ಮಾತ್ರ ಸಾಧಾರಣ.

ಊಡೆಟ್ ಹುಟ್ಟಿದ್ದು 1896ರಲ್ಲಿ, ಫ್ರಾಂಕ್‌ಫರ್ಟ್‌ನಲ್ಲಿ. ಬೆಳೆದದ್ದು ಮ್ಯೂನಿಕ್‌ನಲ್ಲಿ. ಆಳು ಕುಳ್ಳ. 1914ರಲ್ಲಿ ಸೇನೆಗೆ ಸೇರಲು ಹೋದರೆ ಎತ್ತರ ಸಾಲದು ಎಂದು ವಾಪಸ್ ಕಳಿಸಿದರು. ಸ್ವಂತ ಮೋಟಾರ್ ಬೈಕ್ ಇದ್ದವರನ್ನು ಸಂದೇಶ ಒಯ್ಯಲು ತೆಗೆದುಕೊಳ್ಳುತ್ತಾರೆ ಎಂದು ಗೊತ್ತಾಗಿ, ಅಪ್ಪ ಕೊಡಿಸಿದ್ದ ಬೈಕ್ ಹತ್ತಿಕೊಂಡೇ ಯುದ್ಧಕ್ಕೆ ಹೋದ. ಆಮೇಲೆ ಗುಸ್ಟಾಫ್ ಓಟೊ ಎಂಬ ವಿಮಾನ ತಯಾರಕರ ಬಳಿ ಖಾಸಗಿಯಾಗಿ ಹಾರಲು ಕಲಿತ. ಫೀಸು 2,000 ಮಾರ್ಕ್, ಜೊತೆಗೆ ಅಪ್ಪನ ಕಡೆಯಿಂದ ಹೊಸ ಬಾತ್‌ರೂಮ್ ಸಾಮಾನು! ಯುದ್ಧ ಮುಗಿದಾಗ ಅವನಿಗೆ 22 ವರ್ಷ. ಅಷ್ಟರಲ್ಲಿ 62 ಶತ್ರು ವಿಮಾನಗಳನ್ನು ಉರುಳಿಸಿದ ಲೆಕ್ಕ ಅವನ ಹೆಸರಿನಲ್ಲಿತ್ತು. ಜರ್ಮನ್ ಪೈಲಟ್‌ಗಳಲ್ಲಿ ಅವನಿಗಿಂತ ಮುಂದಿದ್ದದ್ದು 80ರ ಲೆಕ್ಕದ ಮ್ಯಾನ್‌ಫ್ರೆಡ್ ಫಾನ್ ರಿಕ್ಟ್‌ಹೋಫನ್ ಒಬ್ಬನೇ.

ಯುದ್ಧ ಸೋತ ಜರ್ಮನಿಗೆ ವಾಯುಪಡೆ ಇಟ್ಟುಕೊಳ್ಳುವ ಹಕ್ಕೇ ಇರಲಿಲ್ಲ. ಹಾರುವುದು ಬಿಟ್ಟು ಬೇರೇನೂ ಗೊತ್ತಿಲ್ಲದ ಹುಡುಗ ಹೊಟ್ಟೆಪಾಡಿಗೆ ಏನು ಮಾಡಬೇಕು? 1922ರಲ್ಲಿ ಗೆಳೆಯರ ಜೊತೆ ಒಂದು ವಿಮಾನ ಕಂಪನಿ ಶುರುವಾಯಿತು. ಅಲ್ಲಿ ತಯಾರಾದ ‘ಫ್ಲಮಿಂಗೊ’ ಎಂಬ, ಒಂದರ ಮೇಲೊಂದು ಎರಡು ಸಾಲು ರೆಕ್ಕೆಯ ತರಬೇತಿ ವಿಮಾನ ಒಳ್ಳೆಯ ಹೆಸರು ಮಾಡಿತು. ವ್ಯಾಪಾರ ಊಡೆಟ್‌ಗೆ ಒಗ್ಗಲಿಲ್ಲ. ಕಂಪನಿ ಬಿಟ್ಟು, ಅದೇ ಫ್ಲಮಿಂಗೊ ಹತ್ತಿ ಊರೂರಲ್ಲಿ ಪ್ರದರ್ಶನ ಕೊಡತೊಡಗಿದ. ನೆಲದ ಮೇಲಿಟ್ಟ ಕರವಸ್ತ್ರವನ್ನು ರೆಕ್ಕೆಯ ತುದಿಯಿಂದ ಎತ್ತಿಕೊಂಡು ಹೋಗುವುದು ಅವನ ಖಾಯಂ ಐಟಂ. ವಿಮಾನ ಒಂದು ಮೊಳ ಕೆಳಗೆ ಬಂದಿದ್ದರೂ ರೆಕ್ಕೆ ನೆಲಕ್ಕೆ ಬಡಿಯುತ್ತಿತ್ತು. ಇದನ್ನು ಜನ ದುಡ್ಡು ಕೊಟ್ಟು ನೋಡಿದರು.

ಸಿನಿಮಾದವರು ಅವನನ್ನು ಹುಡುಕಿಕೊಂಡು ಬಂದದ್ದು ಈ ಕಾಲದಲ್ಲಿ. ಆರ್ನಾಲ್ಡ್ ಫಾಂಕ್ ಎಂಬ ನಿರ್ದೇಶಕ ಪರ್ವತದ ಸಿನಿಮಾಗಳಿಗೆ ಹೆಸರುವಾಸಿ. ಸ್ಟುಡಿಯೋದಲ್ಲಿ ಹತ್ತಿ ಸುರಿದು ಹಿಮ ಅನ್ನುವ ಜಾತಿಯಲ್ಲ. ನಟರನ್ನೂ ಕ್ಯಾಮೆರಾವನ್ನೂ ನಿಜವಾದ ಆಲ್ಪ್ಸ್ ಮೇಲೆಯೇ ಹತ್ತಿಸುತ್ತಿದ್ದ. 1929ರ ‘ದಿ ವೈಟ್ ಹೆಲ್ ಆಫ್ ಪಿಟ್ಸ್ ಪಾಲೂ’ ಮೂಕಿ ಚಿತ್ರವನ್ನು ಅವನು ಮತ್ತು ಜಿ. ಡಬ್ಲ್ಯೂ. ಪಾಬ್ಸ್ಟ್ ಸೇರಿ ನಿರ್ದೇಶಿಸಿದರು. ಮೂವರು ಪರ್ವತಾರೋಹಿಗಳು ಮಂಜಿನ ಗೋಡೆಯ ಒಂದು ಅಂಚಿನಲ್ಲಿ ಸಿಕ್ಕಿಬೀಳುತ್ತಾರೆ. ಅವರಲ್ಲಿ ಒಬ್ಬಳ ಪಾತ್ರದಲ್ಲಿ ನಟಿ ಲೆನಿ ರೀಫನ್‌ಸ್ಟಾಲ್. ಹುಡುಕಲು ಹೊರಟವರಿಗೆ ಅವರು ಎಲ್ಲಿದ್ದಾರೆಂದೇ ಕಾಣುವುದಿಲ್ಲ. ಆಗ ಬೆಟ್ಟಗಳ ಸಂದಿಯಿಂದ ಒಂದು ಪುಟ್ಟ ವಿಮಾನ ಬರುತ್ತದೆ. ಅದರಲ್ಲಿ ಊಡೆಟ್. ಪಾತ್ರದ ಹೆಸರೂ ಊಡೆಟ್ಟೇ!

ಸಿನಿಮಾ ಮಾಡುವವರಿಗೆ ಇದರಲ್ಲಿ ದೊಡ್ಡ ಅನುಕೂಲ ಇತ್ತು. ಆಗಿನ ಬೇರೆ ಎಷ್ಟೋ ವಿಮಾನದ ಸಿನಿಮಾಗಳಲ್ಲಿ ಹೀರೋನ ಮುಖ ಹತ್ತಿರದಿಂದ ತೋರಿಸುವಾಗ ಅವನು ನೆಲದ ಮೇಲಿರುತ್ತಿದ್ದ. ದೂರದಲ್ಲಿ ಹಾರುತ್ತಿದ್ದವನು ಬಾಡಿಗೆ ಪೈಲಟ್. ಇಲ್ಲಿ ಮುಖವೂ ಅವನದೇ, ವಿಮಾನ ನಡೆಸುವ ಕೈಯೂ ಅವನದೇ. ಬಂಡೆಯ ಪಕ್ಕದಲ್ಲೇ ವಿಮಾನ ಹಾದುಹೋಗುತ್ತದೆ, ಪೈಲಟ್ ತಲೆ ಹೊರಗೆ ಹಾಕಿ ಕೆಳಗೆ ನೋಡುತ್ತಾನೆ. ಆ ತಲೆ ಊಡೆಟ್‌ನದು ಎಂದು ಪ್ರೇಕ್ಷಕರಿಗೆ ಗೊತ್ತು. ನಟನೆ ಅಂತ ಅವನೇನೂ ಜಾಸ್ತಿ ಮಾಡುವುದಿಲ್ಲ. ನಗುತ್ತಾನೆ, ಕೈ ಬೀಸುತ್ತಾನೆ. ಅಷ್ಟೇ ಸಾಕಾಗಿತ್ತು. ಮುಂದಿನ ವರ್ಷ ‘ಸ್ಟಾರ್ಮ್ ಓವರ್ ಮಾಂಟ್ ಬ್ಲಾಂಕ್’, 1933ರಲ್ಲಿ ‘ಎಸ್.ಓ.ಎಸ್. ಐಸ್‌ಬರ್ಗ್’. ಎರಡನೆಯದಕ್ಕಾಗಿ ತಂಡ ಗ್ರೀನ್‌ಲ್ಯಾಂಡ್‌ಗೇ ಹೋಗಿ ತೇಲುವ ಮಂಜುಗಡ್ಡೆಗಳ ನಡುವೆ ಚಿತ್ರೀಕರಣ ಮಾಡಿತು. ಮೂರರಲ್ಲೂ ಊಡೆಟ್ ಕೆಲಸ ಒಂದೇ: ಸಿಕ್ಕಿಬಿದ್ದವರನ್ನು ಆಕಾಶದಿಂದ ಹುಡುಕುವುದು. 1935ರಲ್ಲಿ ಬಂದ ಇನ್ನೊಂದು ಸಿನಿಮಾದಲ್ಲೂ ಅವನು ಊಡೆಟ್ ಆಗಿಯೇ ನಟಿಸಿದ. ಅವನನ್ನು ಆರಾಧಿಸುವ ಒಬ್ಬ ಹುಡುಗನ ಕಥೆ ಅದು. ಅಷ್ಟರಲ್ಲಿ ನಾಜಿ ಸರ್ಕಾರ ಬಂದಾಗಿತ್ತು. ಹುಡುಗರನ್ನು ಗ್ಲೈಡರ್ (ಎಂಜಿನ್ ಇಲ್ಲದ ವಿಮಾನ) ಕ್ಲಬ್‌ಗಳಿಗೆ ಸೆಳೆಯುವುದೇ ಆ ಸಿನಿಮಾದ ಉದ್ದೇಶ. ಊಡೆಟ್ 1933ರಲ್ಲೇ ಪಕ್ಷ ಸೇರಿದ್ದ. ಅವನನ್ನು ‘ರಾಜಕೀಯ ಗೊತ್ತಿಲ್ಲದ ಪಾಪದ ಮನುಷ್ಯ’ ಎಂದು ಬರೆಯುವವರಿದ್ದಾರೆ. ನನಗೆ ಅದು ಒಪ್ಪಿಗೆಯಿಲ್ಲ.

ಈಗ ಕೆಲಸದ ವ್ಯತ್ಯಾಸಕ್ಕೆ ಬರೋಣ. ಬಂಡೆಯ ಪಕ್ಕ ಹಾರಿಸುವುದು ಸುಮ್ನೆ ಧೈರ್ಯದಿಂದ ಆಗುವ ಕೆಲಸವಲ್ಲ. ಕ್ಯಾಮೆರಾ ಒಂದು ಕಡೆ ನೆಟ್ಟಿರುತ್ತದೆ. ಮೊದಲ ಸಲ ಮೋಡ ಅಡ್ಡ ಬಂತು ಅಂದರೆ ಪೈಲಟ್ ಸುತ್ತು ಹೊಡೆದು ಅದೇ ಎತ್ತರದಲ್ಲಿ, ಅದೇ ಗೆರೆಯಲ್ಲಿ ಮತ್ತೆ ಬರಬೇಕು. ಈ ಒಂದು ವಿಷಯದಲ್ಲಿ ಸಿನಿಮಾ ಪೈಲಟ್ಟೂ ಟೆಸ್ಟ್ ಪೈಲಟ್ಟೂ ಅಣ್ಣತಮ್ಮಂದಿರೇ. ಹೇಳಿದ್ದನ್ನು ಹೇಳಿದ ಹಾಗೆ ಮತ್ತೆ ಮತ್ತೆ ಮಾಡುವ ಕೈ ಇಬ್ಬರಿಗೂ ಬೇಕು. ಅಲ್ಲಿಂದ ಮುಂದೆ ದಾರಿ ಬೇರೆ.

ಟೆಸ್ಟ್ ಪೈಲಟ್ ತೊಡೆಯ ಮೇಲೆ ಒಂದು ಕಾರ್ಡ್ ಕಟ್ಟಿಕೊಂಡು ಹತ್ತುತ್ತಾನೆ. ಇಷ್ಟು ಎತ್ತರ, ಇಷ್ಟು ವೇಗ, ಎಂಜಿನ್ ಹೀಗಿರಲಿ, ರೆಕ್ಕೆಯ ಹಿಂಬದಿಯ ಫ್ಲಾಪ್ ಹೀಗಿರಲಿ, ಈಗ ಸ್ಟಿಕ್ (ವಿಮಾನ ನಡೆಸುವ ಹಿಡಿಕೋಲು) ಇಷ್ಟು ಎಳೆ, ಬಿಡು, ವಿಮಾನ ತಾನಾಗಿ ಏನು ಮಾಡುತ್ತದೆ ನೋಡು. ಬರೆದುಕೋ. ವೇಗ ಸ್ವಲ್ಪ ಹೆಚ್ಚಿಸು, ಮತ್ತೆ ಅದನ್ನೇ ಮಾಡು. ಒಂದೇ ಸಲ ಕೊನೆಯ ವೇಗಕ್ಕೆ ಹೋಗುವ ಹಾಗಿಲ್ಲ. ಮೆಟ್ಟಿಲು ಮೆಟ್ಟಿಲಾಗಿ ಹೋಗಬೇಕು. ರೆಕ್ಕೆ ನಡುಗುತ್ತದೆ ಅನ್ನಿಸಿದರೆ ಅಲ್ಲೇ ನಿಲ್ಲಿಸಿ ಇಳಿಯಬೇಕು. ಕೆಳಗೆ ಎಂಜಿನಿಯರ್‌ಗಳು ಕಾಯುತ್ತಿರುತ್ತಾರೆ. ಅವರಿಗೆ ಬೇಕಾದದ್ದು ರೋಮಾಂಚನದ ಕಥೆಯಲ್ಲ, ಅಂಕಿಗಳು. ಸಿನಿಮಾದಲ್ಲಿ ಕೆಟ್ಟ ಶಾಟ್ ಕಸದ ಬುಟ್ಟಿಗೆ ಹೋಗುತ್ತದೆ. ಟೆಸ್ಟಿಂಗ್‌ನಲ್ಲಿ ವಿಮಾನ ಕೆಟ್ಟದಾಗಿ ನಡೆದುಕೊಂಡ ಆ ಅರ್ಧ ನಿಮಿಷವೇ ಇಡೀ ದಿನದ ಸಂಪಾದನೆ. ಹೊರಗಿನಿಂದ ನೋಡುವವರಿಗೆ ಇದಕ್ಕಿಂತ ಬೇಜಾರಿನ ಕೆಲಸ ಇನ್ನೊಂದಿಲ್ಲ.

ಊಡೆಟ್‌ಗೆ ಆ ಬೇಜಾರು ತಡೆಯುವ ಗುಣ ಇರಲಿಲ್ಲ. 1936ರ ಜುಲೈ 27ರ ಘಟನೆ ನೋಡಿ. ಜರ್ಮನ್ ವಾಯುಪಡೆಗೆ ಕಡಿದಾಗಿ ಕೆಳಗೆ ಧುಮುಕಿ ಬಾಂಬ್ ಹಾಕುವ ವಿಮಾನ ಬೇಕಾಗಿತ್ತು. ಯುಂಕರ್ಸ್ 87, ಹೈಂಕೆಲ್ 118 ಎರಡರ ನಡುವೆ ಪೈಪೋಟಿ. ಊಡೆಟ್ ಆಗ ತಾಂತ್ರಿಕ ವಿಭಾಗದ ಮುಖ್ಯಸ್ಥನಾಗಿ ಎರಡು ತಿಂಗಳೂ ಆಗಿರಲಿಲ್ಲ. ಹೈಂಕೆಲ್ ವಿಮಾನವನ್ನು ತಾನೇ ಹಾರಿಸಿ ನೋಡುತ್ತೇನೆ ಎಂದು ಹೊರಟ.

ಆ ವಿಮಾನದ ಪ್ರೊಪೆಲ್ಲರ್ ಬ್ಲೇಡುಗಳ ಓರೆಯನ್ನು ಪೈಲಟ್ ಬದಲಾಯಿಸಬಹುದಿತ್ತು. ಈ ಓರೆಯ ವಿಷಯ ಸ್ವಲ್ಪ ಬಿಡಿಸಿ ಹೇಳಬೇಕು. ಮೇಲೇರುವಾಗ ಬ್ಲೇಡು ಗಾಳಿಯನ್ನು ಕಮ್ಮಿ ಕಚ್ಚುವ ಹಾಗೆ ಇಟ್ಟರೆ ಎಂಜಿನ್ ಸಲೀಸಾಗಿ ಜೋರಾಗಿ ತಿರುಗುತ್ತದೆ. ಆದರೆ ವಿಮಾನ ಮೂಗು ಕೆಳಗೆ ಮಾಡಿ ಧುಮುಕುವಾಗ ಎದುರಿನ ಗಾಳಿಯೇ ಪ್ರೊಪೆಲ್ಲರನ್ನು ತಿರುಗಿಸತೊಡಗುತ್ತದೆ. ಆಗಲೂ ಓರೆ ಹಾಗೆಯೇ ಇದ್ದರೆ ಅದು ಎಂಜಿನ್ನನ್ನೂ ಎಳೆದುಕೊಂಡು ಮಿತಿ ಮೀರಿ ತಿರುಗುತ್ತದೆ. ಆದ್ದರಿಂದ ಧುಮುಕುವ ಮುಂಚೆ ಓರೆ ಸರಿಪಡಿಸಿಕೊಳ್ಳಲೇಬೇಕು. ಹೈಂಕೆಲ್ ಕಡೆಯವರು ಇದನ್ನು ಊಡೆಟ್‌ಗೆ ಮೊದಲೇ ಎಚ್ಚರಿಸಿದ್ದರು. ಅವನು ಮೇಲೆ ಹೋದ, ಧುಮುಕಿದ. ಪ್ರೊಪೆಲ್ಲರ್ ಕಿತ್ತುಕೊಂಡು ಹೋಯಿತು, ವಿಮಾನ ಚೂರಾಯಿತು. ಊಡೆಟ್ ಪ್ಯಾರಾಚೂಟ್‌ನಲ್ಲಿ ಇಳಿದು ಬದುಕಿಕೊಂಡ.

ಒಂದು ಮಾತು ಸೇರಿಸಬೇಕು. ಹೈಂಕೆಲ್ ಸೋತದ್ದು ಈ ಅಪಘಾತ ಒಂದರಿಂದಲೇ ಅಲ್ಲ. ಕಡಿದಾಗಿ ಧುಮುಕುವುದರಲ್ಲಿ ಯುಂಕರ್ಸ್ ಮೊದಲೇ ಮೇಲಾಗಿತ್ತು. ಆದರೂ ಒಬ್ಬ ಟೆಸ್ಟ್ ಪೈಲಟ್‌ಗೆ ಇದಕ್ಕಿಂತ ದೊಡ್ಡ ಮುಜುಗರ ಇಲ್ಲ. ವಿಮಾನದ ದೋಷ ಪತ್ತೆ ಮಾಡಿ ಬಿದ್ದರೆ ಅದೊಂದು ಕಲಿಕೆ. ಹೇಳಿದ ಸೂಚನೆ ಪಾಲಿಸದೆ ಬಿದ್ದರೆ ಯಾರಿಗೂ ಏನೂ ಸಿಗುವುದಿಲ್ಲ.

ಧುಮುಕುವ ವಿಮಾನದ ಗೀಳು ಅವನಿಗೆ ಅಂಟಿದ್ದೂ ಪ್ರದರ್ಶನದ ಮೈದಾನದಿಂದಲೇ. ಅಮೆರಿಕದ ಏರ್ ರೇಸ್‌ಗಳಿಗೆ ಹೋದವನು ಅಲ್ಲಿ ಕರ್ಟಿಸ್ ಹಾಕ್ ವಿಮಾನ ನೇರ ಕೆಳಗೆ ಧುಮುಕುವುದನ್ನು ನೋಡಿ ಮರುಳಾದ. ನಾಜಿ ಸರ್ಕಾರದ ವಿಮಾನಯಾನ ಮಂತ್ರಿ ಗೋರಿಂಗ್ ದುಡ್ಡು ಕೊಡಿಸಿದ, 1933ರಲ್ಲಿ ಎರಡು ಹಾಕ್ ಜರ್ಮನಿಗೆ ಬಂದವು. ಒಂದು ಮರುವರ್ಷವೇ ಬಿದ್ದು ಹಾಳಾಯಿತು. ಅಲ್ಲೂ ಊಡೆಟ್ ಪ್ಯಾರಾಚೂಟ್‌ನಿಂದಲೇ ಬದುಕಿದ್ದು. 1936ರ ಜೂನ್‌ನಲ್ಲಿ ಯುಂಕರ್ಸ್ 87 ಕೆಲಸ ನಿಲ್ಲಿಸಿ ಎಂದು ಒಬ್ಬ ಅಧಿಕಾರಿ ಆದೇಶ ಹೊರಡಿಸಿದ್ದ. ಮರುದಿನವೇ ಊಡೆಟ್ ಕುರ್ಚಿಗೆ ಬಂದ, ಆದೇಶ ರದ್ದಾಯಿತು. ಮುಂದೆ ಸ್ಟೂಕಾ ಎಂದು ಯುರೋಪನ್ನೆಲ್ಲ ನಡುಗಿಸಿದ್ದು ಇದೇ ವಿಮಾನ.

ಅಲ್ಲಿಗೇ ನಿಲ್ಲಿಸಿದ್ದರೆ ಸರಿಯಿತ್ತು. ಅವನ ಕಚೇರಿ ದೊಡ್ಡ ಬಾಂಬರ್‌ಗಳೂ ಧುಮುಕಲೇಬೇಕು ಎಂದಿತು. ಎರಡು ಎಂಜಿನ್ನಿನ ಯುಂಕರ್ಸ್ 88ಕ್ಕೆ ಧುಮುಕುವ ಬಲ ಬರಿಸಲು ಬದಲಾವಣೆ ಮೇಲೆ ಬದಲಾವಣೆ ಮಾಡಿ ತೂಕ ಏರಿತು, ವೇಗ ಇಳಿಯಿತು. ಹೈಂಕೆಲ್ 177 ಅದಕ್ಕಿಂತ ದೈತ್ಯ ವಿಮಾನ. ಅದೂ ಧುಮುಕಬೇಕಂತೆ! ಅದರಲ್ಲಿ ಎರಡೆರಡು ಎಂಜಿನ್ ಜೋಡಿಸಿ ಒಂದೊಂದು ಪ್ರೊಪೆಲ್ಲರ್ ತಿರುಗಿಸುವ ವ್ಯವಸ್ಥೆ ಇತ್ತು. ಆ ಎಂಜಿನ್‌ಗಳಿಗೆ ಬೆಂಕಿ ಹತ್ತಿಕೊಳ್ಳುವುದು ಮಾಮೂಲಾಯಿತು. ಪುಟ್ಟ ಹಾಕ್‌ನಲ್ಲಿ ತನ್ನ ಕೈಗೆ ಸಿಕ್ಕಿದ ಮಜಾವನ್ನು ಊಡೆಟ್ ಇಡೀ ವಾಯುಪಡೆಯ ನಿಯಮ ಮಾಡಿಬಿಟ್ಟ. ಅಂಕಿ ಕೂಡಿಸಿ ನೋಡುವ ತಾಳ್ಮೆ ಇದ್ದವನು ಹೀಗೆ ಮಾಡುತ್ತಿರಲಿಲ್ಲ.

ಕೈಚಳಕಕ್ಕೆ ಮಾತ್ರ ಕೊರತೆ ಇರಲಿಲ್ಲ, ಅದನ್ನೂ ಹೇಳಬೇಕು. 1938ರ ಜೂನ್‌ನಲ್ಲಿ, ಜನರಲ್ ಆಗಿದ್ದಾಗ, ಹೈಂಕೆಲ್ 100 ಎಂಬ ಹೊಸ ವಿಮಾನ ಹತ್ತಿ 100 ಕಿಲೋಮೀಟರ್ ಸುತ್ತಿನಲ್ಲಿ ಗಂಟೆಗೆ 634 ಕಿಲೋಮೀಟರ್ ವೇಗದ ವಿಶ್ವದಾಖಲೆ ಮಾಡಿದ. ಆಗ ಅವನಿಗೆ 42 ವರ್ಷ. ಮರುವರ್ಷ ಅದೇ ಹೈಂಕೆಲ್ ಕಂಪನಿಯ ಪೈಲಟ್ ಎರಿಕ್ ವಾರ್ಸಿಟ್ಸ್ ರಾಕೆಟ್‌ನಿಂದ ಓಡುವ ಪುಟಾಣಿ ವಿಮಾನ ಹಾರಿಸಿ ತೋರಿಸಿದ. ನೋಡಲು ಬಂದಿದ್ದ ಊಡೆಟ್ ಮೆಚ್ಚಲಿಲ್ಲ, ಇನ್ನು ಹಾರಿಸಬೇಡಿ ಎಂದ. ವಾರ್ಸಿಟ್ಸ್ ಅದೇ ಆಗಸ್ಟ್‌ನಲ್ಲಿ ಪ್ರಪಂಚದ ಮೊದಲ ಜೆಟ್ ವಿಮಾನವನ್ನೂ ಹಾರಿಸಿದ. ಟೆಸ್ಟ್ ಪೈಲಟ್ ಅಂದರೆ ನನ್ನ ಮನಸ್ಸಿಗೆ ಬರುವುದು ವಾರ್ಸಿಟ್ಸ್ ಥರದವರು. ಅವನ ಮುಖ ಯಾವ ಪೋಸ್ಟರಿನಲ್ಲೂ ಜನರಿಗೆ ನೆನಪಿಲ್ಲ.

ಹಾಗಾದರೆ ಸಿನಿಮಾ ಮಾಡಿದವರೆಲ್ಲ ಟೆಸ್ಟಿಂಗ್‌ಗೆ ಲಾಯಕ್ಕಿಲ್ಲವಾ? ಹಾಗಲ್ಲ. ಅದೇ ದೇಶದ, ಅದೇ ಕಾಲದ ಹಾನಾ ರೈಟ್ಶ್ ಇದ್ದಾಳೆ. 1934ರ ಆರಂಭದಲ್ಲಿ ಜರ್ಮನ್ ಗ್ಲೈಡರ್ ತಂಡವೊಂದು ದಕ್ಷಿಣ ಅಮೆರಿಕಕ್ಕೆ ಹೊರಟಿತ್ತು. ಅದರಲ್ಲಿ ಸೇರಬೇಕಾದರೆ ಆಕೆ 3,000 ಮಾರ್ಕ್ ಹೊಂದಿಸಬೇಕಿತ್ತು. ಆ ದುಡ್ಡಿಗಾಗಿ ಒಂದು ಸಿನಿಮಾದಲ್ಲಿ ಸ್ಟಂಟ್ ಹಾರಾಟ ಮಾಡಿದಳು. ಗ್ಲೈಡರನ್ನು ಸರೋವರಕ್ಕೆ ಬೀಳಿಸುವ ದೃಶ್ಯವೂ ಅವಳದೇ. ವಾಪಸ್ ಬಂದು ಗ್ಲೈಡರ್ ಸಂಶೋಧನಾ ಸಂಸ್ಥೆಯಲ್ಲಿ ಟೆಸ್ಟ್ ಪೈಲಟ್ ಆದಳು. 1938ರಲ್ಲಿ ಬರ್ಲಿನ್‌ನ ಒಂದು ಸಭಾಂಗಣದ ಒಳಗೇ, ಜನ ತುಂಬಿ ಕೂತಿರುವಾಗ, ಹೆಲಿಕಾಪ್ಟರ್ ಹಾರಿಸಿದಳು.

ಅವಳ 1942ರ ಅಪಘಾತವನ್ನು ಊಡೆಟ್‌ನದರ ಪಕ್ಕ ಇಟ್ಟು ನೋಡಿ. ಮೆಸರ್‌ಶ್ಮಿಟ್ 163 ರಾಕೆಟ್ ವಿಮಾನ ನೆಲ ಬಿಟ್ಟ ಕೂಡಲೇ ಅದರ ಚಕ್ರಗಳು ಕಳಚಿ ಬೀಳಬೇಕು. ಬೀಳಲಿಲ್ಲ. ವಿಮಾನ ವಿಪರೀತ ಅದುರುತ್ತಿತ್ತು. ಅವಳು ಪ್ಯಾರಾಚೂಟ್ ಬಿಚ್ಚದೆ, ವಿಮಾನ ಉಳಿಸಬೇಕೆಂದು ಇಳಿಸಲು ನೋಡಿದಳು. ವಿಮಾನ ಮಗುಚಿ ನೆಲಕ್ಕೆ ಬಡಿಯಿತು. ತಲೆಬುರುಡೆ ಒಡೆದು, ಮೂಗು ಹರಿದು ಹೋಗಿತ್ತು. ಆ ಸ್ಥಿತಿಯಲ್ಲಿ ಪೆನ್ಸಿಲ್ಲು, ಕಾಗದ ತೆಗೆದು ಏನೇನಾಯಿತು ಎಂದು ಚಿತ್ರ ಬರೆದಿಟ್ಟಳು. ಮುಖಕ್ಕೆ ಕರವಸ್ತ್ರ ಕಟ್ಟಿಕೊಂಡಳು. ಆಮೇಲೆ ಪ್ರಜ್ಞೆ ತಪ್ಪಿತು. ಟೆಸ್ಟ್ ಪೈಲಟ್‌ನ ಅಭ್ಯಾಸ ಅಂದರೆ ಇದು.

ಅವಳನ್ನೂ ಹೊಗಳಿ ಅಟ್ಟಕ್ಕೇರಿಸುವ ಆಸೆ ನನಗಿಲ್ಲ. ಕಟ್ಟಾ ನಾಜಿ. 1945ರ ಏಪ್ರಿಲ್‌ನಲ್ಲಿ ಹಿಟ್ಲರನ ಬಂಕರಿನವರೆಗೂ ಹೋಗಿದ್ದವಳು. ಯುದ್ಧದ ನಂತರವೂ ಪಶ್ಚಾತ್ತಾಪ ಪಟ್ಟವಳಲ್ಲ. ಅಂಥವಳು 1959ರಲ್ಲಿ ನಮ್ಮ ದೇಶಕ್ಕೆ ಬಂದು, ದೆಹಲಿಯಲ್ಲಿ ನೆಹರೂ ಅವರನ್ನೇ ಗ್ಲೈಡರ್‌ನಲ್ಲಿ ಕೂರಿಸಿಕೊಂಡು ಹಾರಿಸಿದ್ದಳು ಎಂಬುದು ಬಹಳ ಜನಕ್ಕೆ ಗೊತ್ತಿಲ್ಲ.

ಅಮೆರಿಕದ್ದೂ ಚುಟುಕಾಗಿ ಹೇಳುತ್ತೇನೆ, ಮಗ ಖಂಡಿತ ಕೇಳುತ್ತಾನೆ. 1947ರಲ್ಲಿ ಶಬ್ದದ ವೇಗ ದಾಟಿದ ಚಕ್ ಯೇಗರ್ ತನ್ನ ಕಥೆಯೂ ಇರುವ ‘ದಿ ರೈಟ್ ಸ್ಟಫ್’ (1983) ಸಿನಿಮಾದಲ್ಲಿ ಫ್ರೆಡ್ ಎಂಬ ಚಿಕ್ಕ ಪಾತ್ರ ಮಾಡಿದ್ದಾರೆ. ಬಾರಿನ ದೃಶ್ಯಗಳಲ್ಲಿ ಕಾಣಿಸುವ ಮುದುಕ ಅವರೇ. ಯೇಗರ್ ಪಾತ್ರ ಮಾಡಿದ ಸ್ಯಾಮ್ ಶೆಪರ್ಡ್‌ಗೆ ವಿಮಾನ ಹತ್ತಲು ಭಯವಂತೆ! ಹಾಲಿವುಡ್‌ನ ದೊಡ್ಡ ಸಿನಿಮಾ ಪೈಲಟ್ ಪಾಲ್ ಮಾಂಟ್ಸ್ ಕಥೆ ದುಃಖದ್ದು. 1965ರಲ್ಲಿ ‘ದಿ ಫ್ಲೈಟ್ ಆಫ್ ದಿ ಫೀನಿಕ್ಸ್’ ಸಿನಿಮಾಕ್ಕಾಗಿಯೇ ಕಟ್ಟಿದ ವಿಚಿತ್ರ ವಿಮಾನವನ್ನು ಮರುಭೂಮಿಯಲ್ಲಿ ನೆಲಕ್ಕೆ ತಾಗಿಸಿ ಎತ್ತುವ ಶಾಟ್. ಎರಡನೇ ಟೇಕ್‌ನಲ್ಲಿ ವಿಮಾನ ಮರಳ ದಿಬ್ಬಕ್ಕೆ ತಗುಲಿ ಮುರಿದು ಮಾಂಟ್ಸ್ ತೀರಿಕೊಂಡರು. ಸಿನಿಮಾಕ್ಕೆಂದು ಕಟ್ಟಿದ್ದರೂ ಅದು ಹೊಸ ವಿಮಾನವೇ. ಅವರು ಆ ಹೊತ್ತಿಗೆ ಎರಡೂ ಕೆಲಸ ಒಟ್ಟಿಗೆ ಮಾಡುತ್ತಿದ್ದರು.

ಬೆಂಗಳೂರಿನ ನಂಟೂ ಒಂದಿದೆ. ಊಡೆಟ್ ಕಾಲದಲ್ಲಿ ಜರ್ಮನಿಯಲ್ಲಿ ಫೋಕೆ-ವುಲ್ಫ್ 190 ಫೈಟರ್ ವಿನ್ಯಾಸ ಮಾಡಿದ ಕುರ್ಟ್ ಟ್ಯಾಂಕ್, ತನ್ನ ವಿಮಾನಗಳನ್ನು ತಾನೇ ಹಾರಿಸಿ ನೋಡುತ್ತಿದ್ದ ಎಂಜಿನಿಯರ್. 1956ರಲ್ಲಿ ಅವರು ಎಚ್‌ಎಎಲ್‌ಗೆ ಬಂದು ನಮ್ಮ ‘ಮಾರುತ್’ ಫೈಟರ್ ವಿನ್ಯಾಸ ಮಾಡಿದರು. 1961ರಲ್ಲಿ ಅದನ್ನು ಮೊದಲು ಹಾರಿಸಿದವರು ವಿಂಗ್ ಕಮಾಂಡರ್ ಸುರಂಜನ್ ದಾಸ್. 1970ರ ಜನವರಿಯಲ್ಲಿ ಬೆಂಗಳೂರಿನಲ್ಲೇ ಮಾರುತ್ ಪರೀಕ್ಷೆಯಲ್ಲಿ ಅವರು ಪ್ರಾಣ ಕಳೆದುಕೊಂಡರು. ಎಚ್‌ಎಎಲ್ ಕಡೆಯಿಂದ ಹಳೇ ಮದ್ರಾಸ್ ರಸ್ತೆಗೆ ಹೋಗುವಾಗ ಟ್ರಾಫಿಕ್‌ನಲ್ಲಿ ಬೈಯುತ್ತಾ ನಿಲ್ಲುತ್ತೇವಲ್ಲ, ಆ ಸುರಂಜನ್ ದಾಸ್ ರಸ್ತೆ ಇವರದೇ ಹೆಸರಿನದು.

ಊಡೆಟ್‌ನ ಕೊನೆ ಕೇಳಿದರೆ ಏನು ಹೇಳಬೇಕು ಎಂದು ನಿಮಗೆ ಬಿಟ್ಟದ್ದು, ಮಗನ ವಯಸ್ಸು ನೋಡಿಕೊಳ್ಳಿ. ವಿಮಾನ ತಯಾರಿಕೆ ಹಳಿ ತಪ್ಪಿತು, ಬ್ರಿಟನ್ ಮೇಲಿನ ದಾಳಿ ಸೋತಿತು, ತಪ್ಪೆಲ್ಲ ಅವನ ತಲೆಗೆ ಬಂತು. ಕುಡಿತ ಹೆಚ್ಚಿತು. 1941ರ ನವೆಂಬರ್ 17ರಂದು ಬರ್ಲಿನ್‌ನಲ್ಲಿ ತಾನೇ ಗುಂಡು ಹಾರಿಸಿಕೊಂಡ. ಸರ್ಕಾರ ನಿಜ ಹೇಳಲಿಲ್ಲ. ಹೊಸ ಆಯುಧವೊಂದನ್ನು ಪರೀಕ್ಷಿಸುವಾಗ ಅಪಘಾತವಾಯಿತು ಎಂದು ಪ್ರಕಟಿಸಿ, ದೊಡ್ಡ ಮೆರವಣಿಗೆ ಮಾಡಿ ಮಣ್ಣು ಮಾಡಿತು. ಜೀವನದಲ್ಲಿ ಸರಿಯಾಗಿ ನಿಭಾಯಿಸದ ಪಾತ್ರವನ್ನು ಸತ್ತ ಮೇಲೆ ಅವನಿಗೆ ಅಂಟಿಸಿದರು. ಅವನ ಅಂತ್ಯಕ್ರಿಯೆಗೆ ಬರುತ್ತಿದ್ದ ಇನ್ನೊಬ್ಬ ಪ್ರಸಿದ್ಧ ಪೈಲಟ್ ವೆರ್ನರ್ ಮೋಲ್ಡರ್ಸ್ ದಾರಿಯಲ್ಲೇ ವಿಮಾನ ಅಪಘಾತದಲ್ಲಿ ಸತ್ತ.

ಮಗನಿಗೆ ತೋರಿಸುವುದಾದರೆ ಪಿಟ್ಸ್ ಪಾಲೂ ಸಿನಿಮಾದಿಂದ ಶುರುಮಾಡಿ. ಮೂಕಿ ಚಿತ್ರ, ಆದ್ದರಿಂದ ಭಾಷೆಯ ತೊಂದರೆಯಿಲ್ಲ. ಮೊದಲ ಅರ್ಧ ನಿಧಾನ, ಅವನು ಸೀಟಿನಲ್ಲಿ ಹೊರಳಾಡಬಹುದು. ವಿಮಾನ ಬಂದ ಮೇಲೆ ಏಳುವುದಿಲ್ಲ. 1935ರ ಸಿನಿಮಾ ಬೇಡ, ಅದನ್ನು ನೋಡಲು ಆ ಕಾಲದ ಇತಿಹಾಸ ಗೊತ್ತಿರಬೇಕು. ಯಾವತ್ತಾದರೂ ಪೋಲೆಂಡ್‌ಗೆ ಹೋದರೆ ಕ್ರಾಕೋ ನಗರದ ವಿಮಾನ ಸಂಗ್ರಹಾಲಯದಲ್ಲಿ ಅವನ ಎರಡನೇ ಕರ್ಟಿಸ್ ಹಾಕ್ ಇವತ್ತಿಗೂ ಇದೆ. ಇನ್ನು ಟೆಸ್ಟ್ ಪೈಲಟ್ ಆಗುವುದು ಹೇಗೆ ಎಂದು ಕೇಳಿದರೆ, ನಮ್ಮ ವಾಯುಪಡೆಯ ಟೆಸ್ಟ್ ಪೈಲಟ್ ಶಾಲೆ ಇರುವುದು ಬೆಂಗಳೂರಿನಲ್ಲೇ. ಆಗಲೇ ಸಾಕಷ್ಟು ಹಾರಿಸಿ ಪಳಗಿದ ಪೈಲಟ್‌ಗಳನ್ನು ಮಾತ್ರ ಆರಿಸಿಕೊಂಡು ಸುಮಾರು ಒಂದು ವರ್ಷ ಕಲಿಸುತ್ತಾರೆ. ಪರೀಕ್ಷಾ ಹಾರಾಟದ ಎಂಜಿನಿಯರ್‌ಗಳಿಗೂ ಅಲ್ಲಿ ಕೋರ್ಸ್ ಇದೆ. ಹಾರಿಸುವುದಕ್ಕಿಂತ ವರದಿ ಬರೆಯುವುದೇ ಜಾಸ್ತಿ, ಅದನ್ನೂ ಅವನಿಗೆ ಮೊದಲೇ ಹೇಳಿಬಿಡಿ.